ಮಾತು ಯಾರದು, ಶುಲ್ಕ ಯಾರದು?



ಲೆಕ್ಕಪರಿಶೋಧನೆ ನನ್ನ ಕಸುಬು. ಯಾವ ಕಂಪನಿಯ ಲೆಕ್ಕಕ್ಕೆ ಸಹಿ ಹಾಕುತ್ತೇವೋ ಆ ಕಂಪನಿಯ ಷೇರು ನಮ್ಮ ಕೈಯಲ್ಲಿ ಇರಬಾರದು ಎಂಬುದು ನಮಗೆ ಮೊದಲ ಪಾಠ. ಹಾಗಾಗಿ ‘ಇನ್‌ಸೈಡ್ ಜಾಬ್’ ಎಂಬ ಸಾಕ್ಷ್ಯಚಿತ್ರವನ್ನು ನಾನು ಆಡಿಟರ್ ಕಣ್ಣಿನಿಂದಲೇ ನೋಡಿದೆ.

2008ರ ಹಣಕಾಸು ಕುಸಿತದ ಕಾರಣಗಳನ್ನು ಬಿಡಿಸಿಡುವ ಈ ಚಿತ್ರದ ನಿರ್ದೇಶಕರು ಚಾರ್ಲ್ಸ್ ಫರ್ಗ್ಯುಸನ್. 2010ರಲ್ಲಿ ಬಂದ ಚಿತ್ರಕ್ಕೆ ಮರುವರ್ಷ ಆಸ್ಕರ್ ಸಿಕ್ಕಿತು. ಅದರಲ್ಲಿ ಮಾತನಾಡುವ ಅರ್ಥಶಾಸ್ತ್ರಜ್ಞರಲ್ಲಿ ನಮ್ಮ ದೇಶದ ರಘುರಾಮ್ ರಾಜನ್ ಒಬ್ಬರು.

2005ರ ಆಗಸ್ಟ್‌ನಲ್ಲಿ ಅಮೆರಿಕದ ಜಾಕ್ಸನ್ ಹೋಲ್‌ನಲ್ಲಿ ಕೇಂದ್ರ ಬ್ಯಾಂಕುಗಳವರ ವಾರ್ಷಿಕ ಸಮ್ಮೇಳನ ನಡೆಯಿತು. ನಿವೃತ್ತಿಯ ಹೊಸ್ತಿಲಲ್ಲಿದ್ದ ಫೆಡರಲ್ ರಿಸರ್ವ್ ಅಧ್ಯಕ್ಷ ಅಲನ್ ಗ್ರೀನ್‌ಸ್ಪ್ಯಾನ್ ಅವರ ಕಾಲವೇ ಅಂದಿನ ವಿಷಯ. ಆಗ ಐಎಂಎಫ್‌ನ ಮುಖ್ಯ ಅರ್ಥಶಾಸ್ತ್ರಜ್ಞರಾಗಿದ್ದ ರಾಜನ್, ಹಣಕಾಸು ಕ್ಷೇತ್ರ ಬೆಳೆದಂತೆ ಅಪಾಯ ತಗ್ಗಿದೆ ಎಂದು ಬರೆಯಲು ಹೊರಟವರು. ಅಂಕಿಅಂಶ ನೋಡಿದ ಮೇಲೆ ವಿರುದ್ಧ ತೀರ್ಮಾನಕ್ಕೆ ಬಂದರು. ಈ ವರ್ಷ ಲಾಭ ತೋರಿಸಿದವನಿಗೆ ಈ ವರ್ಷವೇ ಬೋನಸ್. ಆ ಲಾಭದೊಳಗೆ ಅಡಗಿದ್ದ ಅಪಾಯ ಮುಂದೆಂದೋ ಸಿಡಿದರೆ ಬೋನಸ್ ಹಿಂದಿರುಗಿಸಬೇಕಿಲ್ಲ. ಇಂಥ ಏರ್ಪಾಡಿನಿಂದ ದೊಡ್ಡ ಅನಾಹುತವಾದೀತು ಎಂದು ಎಚ್ಚರಿಸಿದರು. ಅಮೆರಿಕದ ಮಾಜಿ ಖಜಾನೆ ಕಾರ್ಯದರ್ಶಿ ಲ್ಯಾರಿ ಸಮ್ಮರ್ಸ್ ಸಭೆಯಲ್ಲೇ ಇದು ಹೊಸದಕ್ಕೆ ಹೆದರುವವರ ವಾದ ಎಂಬಂತೆ ಟೀಕಿಸಿದರು. 2008ರ ಸೆಪ್ಟೆಂಬರ್‌ನಲ್ಲಿ ಲೀಮನ್ ಬ್ರದರ್ಸ್ ದಿವಾಳಿಯಾಯಿತು.

ಅದೇ ಚಿತ್ರದಲ್ಲಿ ಕೊಲಂಬಿಯಾ ವಿಶ್ವವಿದ್ಯಾಲಯದ ಫ್ರೆಡ್ರಿಕ್ ಮಿಷ್ಕಿನ್ ಕೂಡ ಇದ್ದಾರೆ. ಐಸ್‌ಲ್ಯಾಂಡಿನ ಹಣಕಾಸು ಸ್ಥಿರತೆಯ ಬಗ್ಗೆ ಭರವಸೆ ಕೊಟ್ಟ 2006ರ ವರದಿಯ ಸಹಲೇಖಕರು ಅವರು. ಅದಕ್ಕೆ ಅಲ್ಲಿನ ವಾಣಿಜ್ಯ ಮಂಡಳಿ ಅವರಿಗೆ ಕೊಟ್ಟ ಶುಲ್ಕ 1,24,000 ಡಾಲರ್. 2008ರ ಅಕ್ಟೋಬರ್‌ನಲ್ಲಿ ಆ ದೇಶದ ಮೂರೂ ದೊಡ್ಡ ಬ್ಯಾಂಕುಗಳು ಕುಸಿದವು. ಶುಲ್ಕ ಪಡೆದದ್ದು ಅಪರಾಧವಲ್ಲ. ಅದು ಸಾರ್ವಜನಿಕ ಮಾಹಿತಿ ಎಂದು ಅವರೇ ಚಿತ್ರದಲ್ಲಿ ಹೇಳುತ್ತಾರೆ. ಆದರೆ ಸಲಹೆ ಓದುವವನಿಗೆ ಶುಲ್ಕದ ವಿಷಯವೂ ಅದೇ ಹೊತ್ತಿಗೆ ತಿಳಿಯಬೇಕಲ್ಲವೇ? ಈ ಪ್ರಶ್ನೆ ಚಿತ್ರದ ನಂತರ ಜೋರಾಯಿತು. 2012ರ ಜನವರಿಯಲ್ಲಿ ಅಮೆರಿಕನ್ ಎಕನಾಮಿಕ್ ಅಸೋಸಿಯೇಷನ್ ಒಂದು ನಿಯಮ ಪ್ರಕಟಿಸಿತು: ತನ್ನ ಪತ್ರಿಕೆಗಳಿಗೆ ಬರೆಯುವವರು ಹಿಂದಿನ 3 ವರ್ಷಗಳಲ್ಲಿ ವಿಷಯಕ್ಕೆ ಸಂಬಂಧಪಟ್ಟವರಿಂದ 10,000 ಡಾಲರ್ ಅಥವಾ ಹೆಚ್ಚು ಪಡೆದಿದ್ದರೆ ಅದನ್ನು ತಿಳಿಸಬೇಕು.

ರಾಜನ್ ಮುಂದೆ 2013ರಿಂದ 2016ರವರೆಗೆ ರಿಸರ್ವ್ ಬ್ಯಾಂಕ್ ಗವರ್ನರ್ ಆದರು. ವಸೂಲಾಗದ ಸಾಲವನ್ನು ವಸೂಲಾಗದ ಸಾಲವೆಂದೇ ಪುಸ್ತಕದಲ್ಲಿ ತೋರಿಸಿ ಎಂದು ಬ್ಯಾಂಕುಗಳ ಮೇಲೆ ಒತ್ತಡ ತಂದರು. ಅವರ ಎಲ್ಲ ಮಾತನ್ನೂ ನಾನು ಒಪ್ಪಬೇಕಿಲ್ಲ. ಆದರೆ ಮೆಚ್ಚುಗೆಯ ಸಭೆಯಲ್ಲಿ ನಿಂತು ಕಹಿ ಹೇಳಿದವರ ಮಾತಿಗೆ ನನ್ನ ಲೆಕ್ಕದಲ್ಲಿ ತೂಕ ಹೆಚ್ಚು.

ಬಂಧುಗಳೇ, ಪರದೇಶದಲ್ಲಿ ದುಡಿದು ಉಳಿಸಿದ ನಮ್ಮ ದುಡ್ಡಿನ ಸುತ್ತಲೂ ಸಲಹೆಗಾರರಿದ್ದಾರೆ. ಸೈಟು, ಫ್ಲ್ಯಾಟು, ವಿಮೆ, ಮ್ಯೂಚುವಲ್ ಫಂಡ್, ಏನೇ ಇರಲಿ, ಸಹಿ ಹಾಕುವ ಮೊದಲು ಕೇಳಿ: “ನಾನು ಇದನ್ನು ಕೊಂಡರೆ ನಿಮಗೆಷ್ಟು ಕಮಿಷನ್?” ಉತ್ತರವನ್ನು ಬರೆದುಕೊಡಲಿ. ಪರಿಚಯದವರು, ನಮ್ಮೂರಿನವರು ಎಂಬ ಸಂಕೋಚ ಬೇಡ.