ಚಿತ್ರಸುರುಳಿಗಳ ಆಕರಶೋಧ

ಇತಿಹಾಸದ ಆಕರಗಳೆಂದರೆ ಶಿಲಾಶಾಸನ, ತಾಮ್ರಪಟ, ತಾಳೆಯೋಲೆ ಎಂದು ಎಣಿಸುವುದು ನಮ್ಮಲ್ಲಿ ವಾಡಿಕೆ. ಇಪ್ಪತ್ತನೆಯ ಶತಮಾನವು ಈ ಸಾಲಿಗೆ ಚಲನಚಿತ್ರದ ಸುರುಳಿಯನ್ನೂ ಸೇರಿಸಿತು. ಎಲ್ಲೆಲ್ಲೋ ಚದುರಿದ ಹಳೆಯ ಚಿತ್ರಭಾಗಗಳನ್ನು ಹುಡುಕಿ ತಂದು ಹೊಸ ಚಿತ್ರವೊಂದರಲ್ಲಿ ಹೊಂದಿಸುವ ಕಾರ್ಯವು ಹಸ್ತಪ್ರತಿಗಳ ಸಂಪಾದನೆಗಿಂತ ಹಗುರವಾದುದೇನೂ ಅಲ್ಲ. ಎ. ಕೆ. ಚೆಟ್ಟಿಯಾರರ ಸಾಹಸ ಇದಕ್ಕೊಂದು ನಿದರ್ಶನ.

ಚೆಟ್ಟಿಯಾರರು ತಮಿಳಿನ ಪತ್ರಕರ್ತರು, ಪ್ರವಾಸಕಥನಕಾರರು. ಛಾಯಾಗ್ರಹಣವನ್ನು ಟೋಕಿಯೊ ಮತ್ತು ನ್ಯೂಯಾರ್ಕ್‌ಗಳಲ್ಲಿ ಅಭ್ಯಾಸಮಾಡಿದವರು. ಮಹಾತ್ಮರ ಜೀವನವನ್ನು ಕುರಿತು ಸಾಕ್ಷ್ಯಚಿತ್ರವೊಂದನ್ನು ನಿರ್ಮಿಸಬೇಕೆಂಬ ಸಂಕಲ್ಪ ಅವರಲ್ಲಿ ಮೂಡಿದ್ದು 1937ರ ಅಕ್ಟೋಬರ್ 2ರಂದು, ಅಟ್ಲಾಂಟಿಕ್ ಸಾಗರವನ್ನು ದಾಟುತ್ತಿದ್ದ ಹಡಗಿನಲ್ಲಿ. ಆಗ ಅವರಿನ್ನೂ ತರುಣರು. ಗಾಂಧೀಜಿಯವರ ಚಿತ್ರಗಳಿಗೇನೋ ಕೊರತೆಯಿರಲಿಲ್ಲ; ಆದರೆ ಅವು ಒಂದೆಡೆ ಇರಲಿಲ್ಲ. ದಂಡಿಯಾತ್ರೆಯ ಚಿತ್ರಗಳನ್ನು 1930ರಲ್ಲಿ ಬ್ರಿಟಿಷ್ ಸರ್ಕಾರ ನಿಷೇಧಿಸಿತ್ತು. 1931ರ ಲಂಡನ್ ಭೇಟಿಯನ್ನು ಸೆರೆಹಿಡಿದವು ವಿದೇಶಿ ವಾರ್ತಾಚಿತ್ರ ಸಂಸ್ಥೆಗಳು. ಚೆಟ್ಟಿಯಾರರು ಖಂಡದಿಂದ ಖಂಡಕ್ಕೆ ಸುಮಾರು ಒಂದು ಲಕ್ಷ ಮೈಲಿ ಅಲೆದರು. ಮೂವತ್ತು ವರ್ಷಗಳ ಅವಧಿಯಲ್ಲಿ ನೂರಕ್ಕೂ ಮಿಕ್ಕ ಛಾಯಾಗ್ರಾಹಕರು ತೆಗೆದಿದ್ದ 50,000 ಅಡಿಗಳಷ್ಟು ಚಿತ್ರಸುರುಳಿಯನ್ನು ಕಲೆಹಾಕಿದರು. ಅದರಿಂದ 12,000 ಅಡಿಗಳಷ್ಟನ್ನು ಮಾತ್ರ ಆಯ್ದು ಚಿತ್ರವನ್ನು ಸಿದ್ಧಪಡಿಸಿದರು.

ಇಲ್ಲಿ ಸಂಗ್ರಹದಷ್ಟೇ ವಿವೇಚನೆಯೂ ಮುಖ್ಯ. ಡಬ್ಬಿಯ ಮೇಲಿನ ಚೀಟಿ ಹರಿದಿರಬಹುದು, ತಪ್ಪಾಗಿಯೂ ಇರಬಹುದು. ಆಗ ಚಿತ್ರವೇ ತನ್ನ ಕಾಲವನ್ನು ಹೇಳಬೇಕು. ಗಾಂಧೀಜಿ ತುಂಡುಪಂಚೆಯನ್ನು ಉಡಲಾರಂಭಿಸಿದ್ದು 1921ರ ಸೆಪ್ಟೆಂಬರಿನಲ್ಲಿ, ಮಧುರೆಯಲ್ಲಿ. ಅವರು ಕಾಠಿಯಾವಾಡಿ ಮುಂಡಾಸು ಧರಿಸಿ ಕಾಣಿಸಿಕೊಂಡ ಚಿತ್ರ ಅದಕ್ಕಿಂತ ಹಿಂದಿನದೆಂದು ಊಹಿಸಲು ಅಡ್ಡಿಯಿಲ್ಲ. ಲಿಪಿಯನ್ನು ನೋಡಿ ಶಾಸನದ ಕಾಲವನ್ನು ನಿರ್ಣಯಿಸುವ ಕ್ರಮವೇ ಇದು.

1940ರಲ್ಲಿ ತಮಿಳು ನಿರೂಪಣೆಯೊಡನೆ ಚಿತ್ರ ತೆರೆಕಂಡಿತು. 1953ರಲ್ಲಿ ಅಮೆರಿಕದಲ್ಲಿ ಅದರ ಇಂಗ್ಲಿಷ್ ರೂಪ ಸಿದ್ಧವಾಯಿತು. ಆಮೇಲಿನದು ವಿಷಾದದ ಅಧ್ಯಾಯ. ಚದುರಿದ್ದುದನ್ನು ಒಂದುಗೂಡಿಸಿದ ಆ ಚಿತ್ರವೇ ಕಣ್ಮರೆಯಾಯಿತು. ಚೆಟ್ಟಿಯಾರರು 1983ರಲ್ಲಿ ತೀರಿಕೊಂಡರು. ಅವರ ಕಾಲಾನಂತರ ಇತಿಹಾಸಕಾರ ಎ. ಆರ್. ವೆಂಕಟಾಚಲಪತಿಯವರ ಶೋಧದಿಂದ ಸ್ಯಾನ್ ಫ್ರಾನ್ಸಿಸ್ಕೊದ ವಿಶ್ವವಿದ್ಯಾನಿಲಯವೊಂದರಲ್ಲಿ ಒಂದು ಪ್ರತಿ ಪತ್ತೆಯಾಯಿತು. ಅದೂ ತಮಿಳಿನದಲ್ಲ, ಇಂಗ್ಲಿಷಿನದು. ಮಹಾತ್ಮರನ್ನು ಹುಡುಕಿಕೊಂಡು ಒಬ್ಬರು ಲೋಕವನ್ನು ಸುತ್ತಿದರು. ಅವರ ಶ್ರಮವನ್ನು ಹುಡುಕಿಕೊಂಡು ಇನ್ನೊಬ್ಬರು ಸಾಗರದಾಚೆಗೆ ಕಣ್ಣುಹಾಯಿಸಬೇಕಾಯಿತು.

ಹಿಂದಿನ ಕಾಲದ ನೈಟ್ರೇಟ್ ಸುರುಳಿ ಬೇಗ ಹೊತ್ತಿಕೊಳ್ಳುವಂಥದು. ಉರಿಯದೆ ಉಳಿದರೂ ಕ್ರಮೇಣ ಶಿಥಿಲವಾಗುವಂಥದು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾದದ್ದು 1964ರಲ್ಲಿ. ಅಷ್ಟರೊಳಗೆ ಎಷ್ಟೋ ನಾಶವಾಗಿ ಹೋಗಿತ್ತು. ಕನ್ನಡದ ಮೊದಲ ವಾಕ್ಚಿತ್ರ, 1934ರ ‘ಸತೀ ಸುಲೋಚನ’ದ ಪ್ರತಿಯೂ ನಮಗೆ ಉಳಿದಿಲ್ಲ. ತಾಳೆಯೋಲೆಗೆ ತಗಲುವ ಹುಳುವನ್ನು ಕಂಡು ಮರುಗುವ ನಾವು ಸುರುಳಿಗೆ ತಗಲುವ ಕ್ಷಯವನ್ನೂ ಕಾಣಬೇಕು. ಇಂದು ಕಾಪಾಡದಿದ್ದುದನ್ನು ನಾಳೆ ಎಂಥ ಶೋಧಕನೂ ಹುಡುಕಿ ತರಲಾರ.