ಜಿಕಾಂಪ್ರಿ: ಮಕ್ಕಳ ಶೈಕ್ಷಣಿಕ ತಂತ್ರಾಂಶ

ಜಿಕಾಂಪ್ರಿಯು 2ರಿಂದ 10 ವರ್ಷದೊಳಗಿನ ಮಕ್ಕಳಿಗಾಗಿ ರೂಪಿಸಲಾದ ಶೈಕ್ಷಣಿಕ ತಂತ್ರಾಂಶವಾಗಿರುತ್ತದೆ. ಫ್ರಾನ್ಸ್ ದೇಶದ ಬ್ರೂನೋ ಕುದ್ವಾನ್ ಅವರು ಇದನ್ನು 2000ನೇ ಇಸವಿಯಲ್ಲಿ ಬಿಡುಗಡೆ ಮಾಡಿದರು. ಫ್ರೆಂಚ್ ಭಾಷೆಯಲ್ಲಿ ಈ ಹೆಸರಿನ ಉಚ್ಚಾರಣೆಯು ‘ನನಗೆ ಅರ್ಥವಾಯಿತು’ ಎಂಬ ಅರ್ಥವನ್ನು ನೀಡುತ್ತದೆ. ಮೌಸ್ ಮತ್ತು ಕೀಲಿಮಣೆಯ ಬಳಕೆ, ಅಕ್ಷರ ಪರಿಚಯ, ಎಣಿಕೆ, ಗಡಿಯಾರ ನೋಡುವುದು, ಚದುರಂಗ ಮುಂತಾದ 100ಕ್ಕೂ ಹೆಚ್ಚು ಚಟುವಟಿಕೆಗಳನ್ನು ಇದು ಒಳಗೊಂಡಿದೆ.

ಶುಲ್ಕ: ಹಿಂದೆ ವಿಂಡೋಸ್ ಗಣಕಯಂತ್ರಗಳಲ್ಲಿ ಪೂರ್ಣ ಆವೃತ್ತಿಯನ್ನು ಪಡೆಯಲು ಹಣ ಪಾವತಿಸಬೇಕಾಗಿತ್ತು. 2020ರಲ್ಲಿ ಇದನ್ನು ಕೈಬಿಡಲಾಗಿದ್ದು, ಎಲ್ಲ ಚಟುವಟಿಕೆಗಳೂ ಉಚಿತವಾಗಿ ದೊರೆಯುತ್ತವೆ.

ಬಳಕೆ: ಇದು ಸ್ವತಂತ್ರ ಹಾಗೂ ಮುಕ್ತ ತಂತ್ರಾಂಶವಾದ ಕಾರಣ, ಪ್ರತಿ ಮಾಡಿ ಶಾಲೆಗಳಿಗೆ ಹಂಚಲು ಪ್ರತ್ಯೇಕ ಅನುಮತಿಯ ಅವಶ್ಯಕತೆ ಇರುವುದಿಲ್ಲ. ಇದರಲ್ಲಿ ಜಾಹೀರಾತುಗಳಿರುವುದಿಲ್ಲ. ಪರವಾನಗಿ ಶುಲ್ಕವೆಂದು ಯಾರಾದರೂ ಹಣ ಕೇಳಿದಲ್ಲಿ ಪೋಷಕರು ಪಾವತಿಸಬೇಕಾಗಿಲ್ಲ.