ತರಂಗದ ಲೆಕ್ಕ ಮತ್ತು ಹರ್ಟ್ಸರ ತಪ್ಪು

ಹಳೆಯ ರೇಡಿಯೋ ಪೆಟ್ಟಿಗೆಗಳ ಮುಖಫಲಕದಲ್ಲಿ ಎರಡು ಸಾಲು ಅಂಕೆಗಳಿರುತ್ತಿದ್ದುವು: ಒಂದು ಮೀಟರುಗಳದು, ಮತ್ತೊಂದು ಕಿಲೋಸೈಕಲ್ಲುಗಳದು. ಮೊದಲನೆಯದು ತರಂಗದ ಉದ್ದ. ಎರಡನೆಯದು ಸೆಕೆಂಡಿಗೆ ಎಷ್ಟು ಸಾವಿರ ಕಂಪನಗಳೆಂಬುದು. ಒಂದನ್ನು ಮತ್ತೊಂದರಿಂದ ಗುಣಿಸಿದರೆ ಯಾವ ನಿಲಯಕ್ಕಾದರೂ ಬರುವ ಫಲ ಒಂದೇ: ಸೆಕೆಂಡಿಗೆ ಸುಮಾರು 3,00,000 ಕಿಲೋಮೀಟರು, ಎಂದರೆ ಬೆಳಕಿನ ವೇಗ. 1000 ಕಿಲೋಸೈಕಲ್ಲಿಗೆ 300 ಮೀಟರಿನ ತರಂಗ. ಬಾಲಕನೂ ಮಾಡಬಲ್ಲ ಈ ಲೆಕ್ಕ ಮೊದಲು ಕೈಗೂಡಿದುದು ಹೇಗೆಂಬುದನ್ನು ವಿಚಾರಿಸೋಣ.

ವಿದ್ಯುತ್ಕಾಂತ ತರಂಗಗಳು ಬೆಳಕಿನ ವೇಗದಿಂದಲೇ ಸಾಗುತ್ತವೆಯೆಂದು 1865ರಲ್ಲಿ ಮ್ಯಾಕ್ಸ್‌ವೆಲ್ಲರು ಗಣಿತದಿಂದ ಸಾಧಿಸಿದರು. ಆದರೆ ಅಂಥ ತರಂಗವನ್ನು ಕಂಡವರಾರೂ ಇರಲಿಲ್ಲ. ಜರ್ಮನಿಯ ಕಾರ್ಲ್ಸ್‌ರೂಹೆಯಲ್ಲಿ ಹೈನ್ರಿಖ್ ಹರ್ಟ್ಸರು 1888ರಲ್ಲಿ ಅದನ್ನು ಅಳೆಯಲು ತೊಡಗಿದರು. ಉಪನ್ಯಾಸದ ಕೊಠಡಿಯ ಒಂದು ಗೋಡೆಗೆ 4 ಮೀಟರು ಎತ್ತರದ ಸತುವಿನ ತಗಡನ್ನು ಹೊಡೆಸಿ, ಎದುರಿನಿಂದ ಕಿಡಿಯ ಮೂಲಕ ತರಂಗಗಳನ್ನು ಕಳುಹಿಸಿದರು. ಹೋಗುವ ಅಲೆಯೂ ಮರಳುವ ಅಲೆಯೂ ಕೂಡಿದೆಡೆ, ಕೈಯಲ್ಲಿದ್ದ ತಂತಿಯ ಬಳೆಯ ಸಂದಿನಲ್ಲಿ ಕಿಡಿಯು ಕೆಲವು ತಾಣಗಳಲ್ಲಿ ಬೆಳಗಿತು, ಕೆಲವೆಡೆ ಆರಿತು. ಆರುವ ತಾಣಗಳ ಅಂತರದಿಂದ ತರಂಗದ ಉದ್ದ ದೊರೆಯಿತು: ಸುಮಾರು ಹತ್ತು ಮೀಟರು.

ಉದ್ದವನ್ನು ಅಳೆದರು; ಕಂಪನಸಂಖ್ಯೆಯನ್ನಾದರೋ ಅಳೆಯುವಂತಿರಲಿಲ್ಲ. ಅದನ್ನು ಥಾಮ್ಸನ್ನರು 1853ರಲ್ಲಿ ಕೊಟ್ಟ ಸೂತ್ರದಿಂದ ಗಣಿಸಬೇಕಾಯಿತು. ಉಪಕರಣದ ವಿದ್ಯುದ್ಧಾರಣಶಕ್ತಿಯನ್ನು ಸ್ವಪ್ರೇರಣೆಯಿಂದ ಗುಣಿಸಿ, ವರ್ಗಮೂಲ ತೆಗೆದು, 2π ಇಂದ ಗುಣಿಸಿದರೆ ಒಂದು ಕಂಪನದ ಕಾಲ ಬರುತ್ತದೆ. ಹರ್ಟ್ಸರ ಗಣನೆಯಿಂದ ಬಂದ ವೇಗ ಬೆಳಕಿನ ವೇಗಕ್ಕೆ ಸಮೀಪವಾಗಿತ್ತು. ಜಗತ್ತು ಬೆರಗಾಯಿತು.

ಆದರೆ 1890ರಲ್ಲಿ ಫ್ರಾನ್ಸಿನ ಪ್ವಾಂಕಾರೆಯವರು ಒಂದು ದೋಷವನ್ನು ತೋರಿಸಿದರು. ಹರ್ಟ್ಸರು ಧಾರಣಶಕ್ತಿಯನ್ನು ಇರಬೇಕಾದುದಕ್ಕಿಂತ ಎರಡರಷ್ಟು ಹಿಡಿದಿದ್ದರು. ಆದುದರಿಂದ ಕಂಪನದ ಕಾಲವು ಎರಡರ ವರ್ಗಮೂಲದಷ್ಟು, ಎಂದರೆ ಸುಮಾರು 1.4ರಷ್ಟು ಹೆಚ್ಚಾಗಿ ಬಂದಿತ್ತು. ಅದನ್ನು ತಿದ್ದಿದರೆ ಗಾಳಿಯಲ್ಲಿನ ವೇಗ ಬೆಳಕನ್ನೂ ಬಹಳ ಮೀರುತ್ತಿತ್ತು! ಇಷ್ಟವಾದ ಉತ್ತರ ತಪ್ಪಿನಿಂದ ಬಂದಿತ್ತು. ಸರಿಪಡಿಸಿದ ಲೆಕ್ಕ ಸಿದ್ಧಾಂತವನ್ನೇ ಅಲುಗಿಸಿತು. ಹರ್ಟ್ಸರು ತಪ್ಪನ್ನು ಮರೆಮಾಡಲಿಲ್ಲ. ತಮ್ಮ ಲೇಖನಗಳನ್ನು ಗ್ರಂಥವಾಗಿ ಸಂಗ್ರಹಿಸಿದಾಗ ಅದನ್ನು ಬಹಿರಂಗವಾಗಿ ಒಪ್ಪಿಕೊಂಡರು.

ಹಾಗಾದರೆ ದೋಷವೆಲ್ಲಿತ್ತು? ಕೊಠಡಿಯಲ್ಲಿ. ಅದು ಇಕ್ಕಟ್ಟು, ಅದರ ಗೋಡೆಗಳೂ ಕಬ್ಬಿಣದ ಕಂಬಗಳೂ ತಾವೇ ಅಲೆಗಳನ್ನು ಹಿಂದಿರುಗಿಸಿ ಅಳತೆಯನ್ನು ಕೆಡಿಸಿದ್ದುವು. 1893ರಲ್ಲಿ ಜಿನೀವಾದ ಸಾರಾಸಿನ್ ಮತ್ತು ದ ಲಾ ರೀವ್ ಎಂಬವರು ವಿಶಾಲವಾದ ಹಜಾರವೊಂದರಲ್ಲಿ, 16 ಮೀಟರಿಗೆ 8 ಮೀಟರಿನ ತಗಡನ್ನು ನಿಲ್ಲಿಸಿ ಪ್ರಯೋಗವನ್ನು ಪುನಃ ನಡೆಸಿದರು. ಗಾಳಿಯಲ್ಲಿನ ವೇಗವೂ ತಂತಿಯ ಮೇಲಣ ವೇಗವೂ ಒಂದೇ ಎಂದು ತೇಲಿತು. ಮ್ಯಾಕ್ಸ್‌ವೆಲ್ಲರ ಸಿದ್ಧಾಂತವು ಹೇಳಿದುದೂ ಅದನ್ನೇ.

1894ರ ಜನವರಿ 1ರಂದು, ಮೂವತ್ತಾರರ ವಯಸ್ಸಿನಲ್ಲಿಯೇ ಹರ್ಟ್ಸರು ಕಾಲವಾದರು. ಮುಳ್ಳನ್ನು ತಿರುಗಿಸಿ ನಿಲಯವನ್ನು ಹಿಡಿದಾಗಲೆಲ್ಲ ನಾವು ನೆಚ್ಚಿದ್ದುದು ಅವರ ಅಳತೆಯನ್ನು ಮಾತ್ರವಲ್ಲ, ಅದನ್ನು ತಿದ್ದಿಸಿಕೊಂಡ ಅವರ ಮನಸ್ಸಿನ ನಿರ್ಮಲತೆಯನ್ನೂ ಸಹ.